ಆ ಡಿಎಲ್‌ಎಲ್ ಎಲ್ಲಿಂದ ಬಂತು?

ತಿಂಗಳ 20ನೇ ತಾರೀಕು, ಜಿಎಸ್‌ಟಿ ರಿಟರ್ನ್‌ಗೆ ಕೊನೆಯ ದಿನ. ಶಿವಮೊಗ್ಗದಲ್ಲಿ ಆಡಿಟ್ ಆಫೀಸು ಇಟ್ಟುಕೊಂಡಿರುವ ಗೆಳೆಯ ಮಧ್ಯಾಹ್ನ ಮೂರಕ್ಕೆ ಫೋನ್ ಮಾಡಿದ. "ಮಾರಾಯ, ಡಿಜಿಟಲ್ ಸಹಿ ಹಾಕೋ ಪ್ರೋಗ್ರಾಂ ತೆರೀತಾನೇ ಇಲ್ಲ. ಬೆಳಿಗ್ಗೆ ಏನೋ ಡಿಎಲ್‌ಎಲ್ ಇಲ್ಲ ಅಂತಿತ್ತು, ನಮ್ಮ ಹುಡುಗ ಡೌನ್‌ಲೋಡ್ ಮಾಡಿ ಹಾಕಿದ. ಈಗ ಬೇರೆ ಏನೋ ನಂಬರ್ ತೋರಿಸ್ತಿದೆ. ಒಂದ್ಸಲ ಬಂದು ಹೋಗು."

ಹೋಗಿ ನೋಡಿದರೆ ಪರದೆಯ ಮೇಲೆ ವಿಂಡೋಸ್‌ನ ಹಳೆಯ ಪರಿಚಯದ ದೋಷ ಸಂಖ್ಯೆ: 0ಎಕ್ಸ್‌ಸಿ000007ಬಿ. ಪ್ರೋಗ್ರಾಂಗಳಲ್ಲಿ 32 ಬಿಟ್, 64 ಬಿಟ್ ಎಂದು ಒಂದಕ್ಕೊಂದು ಹೊಂದದ ಎರಡು ಜಾತಿ. 32 ಬಿಟ್ ಪ್ರೋಗ್ರಾಂ 64 ಬಿಟ್ ಡಿಎಲ್‌ಎಲ್ ಅನ್ನು ಎತ್ತಿಕೊಳ್ಳಲು ಹೋದಾಗ, ಅಥವಾ ಅದರ ಉಲ್ಟಾ ಆದಾಗ, ಸಾಮಾನ್ಯವಾಗಿ ಕಾಣುವ ಸಂಖ್ಯೆ ಇದು. ಬೆಳಿಗ್ಗೆ ಇಲ್ಲ ಎಂದಿದ್ದ ಫೈಲು ಎಂಎಸ್‌ವಿಸಿಪಿ140.ಡಿಎಲ್‌ಎಲ್. ಹುಡುಗ ಹುಡುಕಿ ತಂದ ಜಿಪ್ ಕಟ್ಟಿನಲ್ಲಿ ಅದರ ಜೊತೆಗೆ ಇನ್ನೂ ಹತ್ತು ಡಿಎಲ್‌ಎಲ್‌ಗಳಿದ್ದವು. "ಸಾರ್, ಯಾವುದಕ್ಕೂ ಇರಲಿ ಅಂತ ಎಲ್ಲಾನೂ ಹಾಕಿದೆ" ಎಂದ. ಸಹಿ ಪ್ರೋಗ್ರಾಂ ಇದ್ದ ಫೋಲ್ಡರ್‌ಗೇ ಹನ್ನೊಂದನ್ನೂ ಸುರಿದಿದ್ದ.

ದೋಷ ಸಂಖ್ಯೆಯ ಕಥೆ ಹತ್ತು ನಿಮಿಷದಲ್ಲಿ ಮುಗಿಯುವಂಥದ್ದು. ನನಗೆ ಚಳಿ ಹಿಡಿಸಿದ್ದು ಆ ಹನ್ನೊಂದರಲ್ಲಿದ್ದ ಬೇರೆ ಎರಡು ಹೆಸರು: ಕ್ರಿಪ್ಟ್‌ಎಸ್‌ಪಿ.ಡಿಎಲ್‌ಎಲ್ ಮತ್ತು ಸೆಕ್ಯೂರ್32.ಡಿಎಲ್‌ಎಲ್. ಇವು ಯಾವ ದೋಷವನ್ನೂ ಕೊಟ್ಟಿರಲಿಲ್ಲ. ಕೊಟ್ಟಿದ್ದರೆ ಒಳ್ಳೆಯದಿತ್ತು.

ಯಾಕೆ ಎಂದು ಹೇಳಬೇಕಾದರೆ ಡಿಎಲ್‌ಎಲ್ ಅಂದರೆ ಏನು ಎಂಬಲ್ಲಿಂದ ಶುರು ಮಾಡಬೇಕು. ಹಲವು ಪ್ರೋಗ್ರಾಂಗಳಿಗೆ ಬೇಕಾಗುವ ಕೆಲಸಗಳನ್ನು ಒಮ್ಮೆ ಬರೆದು ಒಂದು ಫೈಲಿನಲ್ಲಿಟ್ಟರೆ ಅದೇ ಡಿಎಲ್‌ಎಲ್. ಕಿಟಕಿ ಬಿಡಿಸುವುದು, ಫೈಲು ತೆರೆಯುವುದು, ಪಾಸ್‌ವರ್ಡ್ ಪರೀಕ್ಷಿಸುವುದು, ಇವನ್ನೆಲ್ಲ ಪ್ರತಿ ಪ್ರೋಗ್ರಾಂ ತಾನೇ ಮಾಡಿಕೊಳ್ಳುವುದಿಲ್ಲ. ವಿಂಡೋಸ್ ಇಟ್ಟಿರುವ ಡಿಎಲ್‌ಎಲ್ ಅನ್ನು ಹೆಸರು ಹಿಡಿದು ಕರೆಯುತ್ತದೆ. ಡಿಎಲ್‌ಎಲ್ ತಾನಾಗಿ ಓಡುವುದಿಲ್ಲ. ಕರೆದ ಪ್ರೋಗ್ರಾಂನ ಮೆಮೊರಿಯೊಳಕ್ಕೇ ಬಂದು ಕೂರುತ್ತದೆ. ಹಾಗೆ ಒಳಗೆ ಬಂದ ಮೇಲೆ ಆ ಪ್ರೋಗ್ರಾಂಗೆ ಏನೇನು ಅಧಿಕಾರವಿದೆಯೋ ಅಷ್ಟೂ ಇದಕ್ಕೂ ಇರುತ್ತದೆ. ಮನೆಯೊಳಗೆ ಬಂದವರನ್ನು ಅಡುಗೆಮನೆಗೆ ಬರಬೇಡಿ, ಬೀರು ಮುಟ್ಟಬೇಡಿ ಎಂದು ತಡೆಯುವ ಬಾಗಿಲು ಒಳಗಡೆ ಇಲ್ಲ.

ವಿಂಡೋಸ್‌ನಲ್ಲಿ ಇಂಥವು ಸಾವಿರಾರು ಇವೆ. ಅದರಲ್ಲಿ ಭದ್ರತೆಯ ಕೆಲಸಕ್ಕೇ ಇರುವವು ಕೆಲವೇ ಡಜನ್. ಅವುಗಳ ಪರಿಚಯಕ್ಕೆ ನೀವು ದಿನಾ ಮಾಡುವ ಒಂದು ಕೆಲಸ ಸಾಕು: ಲಾಗಿನ್. ಪಾಸ್‌ವರ್ಡ್ ಟೈಪ್ ಮಾಡಿ ಎಂಟರ್ ಒತ್ತಿದಾಗ ಪರದೆ ಅದನ್ನು ಎಲ್‌ಸಾಸ್ ಎಂಬ ಪ್ರೋಗ್ರಾಂಗೆ ಕೊಡುತ್ತದೆ. ಟಾಸ್ಕ್ ಮ್ಯಾನೇಜರ್‌ನಲ್ಲಿ 'ಲೋಕಲ್ ಸೆಕ್ಯೂರಿಟಿ ಅಥಾರಿಟಿ ಪ್ರೊಸೆಸ್' ಎಂದು ಕಾಣುವುದು ಅದೇ. ಹೆಸರು ದೊಡ್ಡದು, ಫೈಲು ಚಿಕ್ಕದು. ನಿಜವಾದ ಕೆಲಸವೆಲ್ಲ ಅದು ಒಳಗೆ ಕರೆದುಕೊಂಡ ಡಿಎಲ್‌ಎಲ್‌ಗಳದ್ದು. ಯಜಮಾನಿಕೆ ಎಲ್‌ಎಸ್‌ಎಎಸ್‌ಆರ್‌ವಿ.ಡಿಎಲ್‌ಎಲ್‌ದು. ಕಂಪ್ಯೂಟರ್‌ನಲ್ಲೇ ಮಾಡಿಕೊಂಡ ಖಾತೆಯಾದರೆ ಎಂಎಸ್‌ವಿ1_0 ಎಂಬ ಡಿಎಲ್‌ಎಲ್ ನಿಮ್ಮ ಪಾಸ್‌ವರ್ಡನ್ನು ಅರೆದು ಹ್ಯಾಶ್ (ಹಿಂದಕ್ಕೆ ಬಿಡಿಸಲಾಗದ ಗುರುತು) ಮಾಡಿ, ಮೊದಲೇ ಬರೆದಿಟ್ಟ ಹ್ಯಾಶ್ ಜೊತೆ ಹೋಲಿಸುತ್ತದೆ. ಬರೆದಿಟ್ಟ ಪಟ್ಟಿಯನ್ನು ನೋಡಿಕೊಳ್ಳುವುದು ಸ್ಯಾಮ್‌ಎಸ್‌ಆರ್‌ವಿ. ದೊಡ್ಡ ಆಫೀಸಿನ ಕೇಂದ್ರ ಸರ್ವರ್‌ನಲ್ಲಿರುವ ಡೊಮೈನ್ ಖಾತೆಯಾದರೆ ಕೆರ್ಬರೋಸ್.ಡಿಎಲ್‌ಎಲ್‌ನ ಸರದಿ. ವಿಂಡೋಸ್‌ನದೇ ಎಚ್‌ಟಿಟಿಪಿಎಸ್ ಸಂಪರ್ಕಗಳ ಟಿಎಲ್‌ಎಸ್, ಅಂದರೆ ಗೂಢಲಿಪಿಯ ಹೊದಿಕೆ, ಎಸ್‌ಚಾನೆಲ್‌ನ ಕೆಲಸ. ಬೇರೆ ಪ್ರೋಗ್ರಾಂಗಳು ಈ ಒಳಮನೆಯವರ ಜೊತೆ ಮಾತಾಡಲು ಬಳಸುವ ಕಿಂಡಿಯೇ ಸೆಕ್ಯೂರ್32.

ಇನ್ನೊಂದು ಬಳಗದ ಹೆಸರುಗಳಲ್ಲಿ 'ಕ್ರಿಪ್ಟ್' ಬರುತ್ತದೆ. ಕ್ರಿಪ್ಟ್32 ಡಿಜಿಟಲ್ ಪ್ರಮಾಣಪತ್ರಗಳನ್ನು ಓದಿ, ಇದನ್ನು ಕೊಟ್ಟವರು ಯಾರು, ಅವರಿಗೆ ಅಧಿಕಾರ ಕೊಟ್ಟವರು ಯಾರು ಎಂದು ಬೇರಿನ ತನಕ ಹೋಗಿ ನೋಡುತ್ತದೆ. ವಿಂಡೋಸ್ ವಿಸ್ತಾದಲ್ಲಿ ಬಂದ ಬಿಕ್ರಿಪ್ಟ್ ಗೂಢಲಿಪಿಯ ಲೆಕ್ಕಗಳಿಗೆ ಇರುವ ಹೊಸ ಬಾಗಿಲು. (ಪಾಸ್‌ವರ್ಡ್ ಹ್ಯಾಶ್ ಮಾಡುವ ಬಿಕ್ರಿಪ್ಟ್ ಎಂಬ ಪ್ರಸಿದ್ಧ ವಿಧಾನಕ್ಕೂ ಇದಕ್ಕೂ ನಂಟಿಲ್ಲ, ಹೆಸರಿಟ್ಟವರು ಸ್ವಲ್ಪ ಯೋಚಿಸಬಹುದಿತ್ತು.) ಫೈಲಿನ ಮೇಲಿನ ಸಹಿ ನಿಜವೇ ಎಂದು ಹೇಳುವುದು ವಿನ್‌ಟ್ರಸ್ಟ್. ಕ್ರಿಪ್ಟ್‌ಎಸ್‌ಪಿ ಹಳೆಯ ಪದ್ಧತಿಯ ಸೇತುವೆ. ಆಡಿಟರ್‌ಗಳು, ಟೆಂಡರ್ ಹಾಕುವ ಗುತ್ತಿಗೆದಾರರು ಬಳಸುವ ಡಿಎಸ್‌ಸಿ (ಡಿಜಿಟಲ್ ಸಹಿ) ಟೋಕನ್ ಇದೆಯಲ್ಲ, ಪೆನ್‌ಡ್ರೈವ್ ಥರದ್ದು, ಅದರ ತಯಾರಕರು ಕೊಡುವ ಡ್ರೈವರ್ ಅನೇಕ ಕಡೆ ಈ ಸೇತುವೆಯ ಮೇಲೆಯೇ ವಿಂಡೋಸ್‌ಗೆ ಸೇರಿಕೊಳ್ಳುತ್ತದೆ. ಅಂದರೆ ಸಹಿ ಹಾಕು ಎಂಬ ಆಜ್ಞೆ ಪ್ರೋಗ್ರಾಂನಿಂದ ಟೋಕನ್‌ಗೆ ಹೋಗುವ ದಾರಿಯಲ್ಲಿ ಕ್ರಿಪ್ಟ್‌ಎಸ್‌ಪಿ ನಿಂತಿರುತ್ತದೆ. ಗೆಳೆಯನ ಆಫೀಸಿನಲ್ಲಿ ಆ ಜಾಗದಲ್ಲಿ ಎಲ್ಲಿಂದಲೋ ಬಂದವನೊಬ್ಬ ನಿಂತಿದ್ದ.

ಈ ಫೈಲುಗಳಲ್ಲಿ ಒಂದು ಸಣ್ಣ ತಪ್ಪು ಎಷ್ಟು ದೂರ ಹೋಗುತ್ತದೆ ಎಂಬುದಕ್ಕೆ 2004ನೇ ಇಸವಿ ನೆನಪಾಗುತ್ತದೆ. ಬ್ರೌಸಿಂಗ್ ಸೆಂಟರ್‌ನಲ್ಲಿ ಗಂಟೆಗಿಷ್ಟು ಎಂದು ಕೊಟ್ಟು ಕುಳಿತಿರುವಾಗ ಇದ್ದಕ್ಕಿದ್ದಂತೆ ಒಂದು ಪೆಟ್ಟಿಗೆ ಎದ್ದು, ಈ ಕಂಪ್ಯೂಟರ್ 60 ಸೆಕೆಂಡಿನಲ್ಲಿ ಬಂದ್ ಆಗುತ್ತದೆ ಎಂದು ಎಣಿಸಲು ಶುರು ಮಾಡುತ್ತಿತ್ತು. ಅದು ಸ್ಯಾಸರ್ ಹುಳು, ಕಂಪ್ಯೂಟರ್‌ನಿಂದ ಕಂಪ್ಯೂಟರ್‌ಗೆ ತಾನಾಗಿಯೇ ಹರಡುವ ಪ್ರೋಗ್ರಾಂ. ಎಲ್‌ಎಸ್‌ಎಎಸ್‌ಆರ್‌ವಿ.ಡಿಎಲ್‌ಎಲ್‌ನ ಒಂದು ಕಡೆ, ಬಂದ ಅಕ್ಷರಗಳ ಉದ್ದ ಅಳೆಯದೆ ನಕಲು ಮಾಡಿಕೊಳ್ಳುವ ತಪ್ಪಿತ್ತು. ನೆಟ್‌ವರ್ಕ್ ಮೂಲಕ ಅಳತೆ ಮೀರಿದ ಸಂದೇಶ ಕಳಿಸಿದರೆ ಎಲ್‌ಸಾಸ್ ಒಳಗೆ ತನ್ನ ಕೋಡ್ ಓಡಿಸಬಹುದಿತ್ತು. ಯಾರೂ ಯಾವ ಅಟ್ಯಾಚ್‌ಮೆಂಟನ್ನೂ ತೆರೆಯಬೇಕಿರಲಿಲ್ಲ, ಇಂಟರ್ನೆಟ್‌ಗೆ ಸಿಕ್ಕಿಸಿದ್ದರೆ ಸಾಕಿತ್ತು. ಹುಳುವಿನ ಕೈಚಳಕ ಹೆಚ್ಚುಕಡಿಮೆಯಾಗಿ ಎಲ್‌ಸಾಸ್ ಸತ್ತರೆ ವಿಂಡೋಸ್ ತಾನೂ ಬದುಕುವುದಿಲ್ಲ. ಅದಕ್ಕೇ ಆ 60 ಸೆಕೆಂಡು. ಮೈಕ್ರೋಸಾಫ್ಟ್ ಏಪ್ರಿಲ್ 13ಕ್ಕೇ ತಪ್ಪು ಸರಿಪಡಿಸುವ ತೇಪೆ ಕೊಟ್ಟಿತ್ತು, ಹುಳು ಹೊರಬಂದದ್ದು ತಿಂಗಳ ಕೊನೆಗೆ. ಬರೆದವನು ಜರ್ಮನಿಯ ಒಬ್ಬ ವಿದ್ಯಾರ್ಥಿ. ಆಗ ನಮ್ಮೂರಲ್ಲಿ ಅಪ್‌ಡೇಟ್ ಅಂದರೆ ಡಯಲ್‌ಅಪ್ ಬಿಲ್ಲು ಅಂತಲೇ ಅರ್ಥ. ಯಾರು ಹಾಕಿಕೊಳ್ಳುತ್ತಾರೆ?

ಎಲ್‌ಸಾಸ್ ಮನೆಯ ಇನ್ನೊಂದು ಕಥೆ ತಪ್ಪಿನದಲ್ಲ, ಧಾರಾಳದ್ದು. ವಿಂಡೋಸ್ ಎಕ್ಸ್‌ಪಿ ಕಾಲದಲ್ಲಿ ಬಂದ ಡಬ್ಲ್ಯುಡೈಜೆಸ್ಟ್.ಡಿಎಲ್‌ಎಲ್ ಲಾಗಿನ್ ಆದವರ ಪಾಸ್‌ವರ್ಡನ್ನು, ಮುಂದೆ ಬೇಕಾದೀತು ಎಂದು, ಮತ್ತೆ ಬಿಡಿಸಿ ಓದಬಹುದಾದ ರೂಪದಲ್ಲಿ ಮೆಮೊರಿಯಲ್ಲಿ ಇಟ್ಟುಕೊಳ್ಳುತ್ತಿತ್ತು. ಬೀಗ ಹಾಕಿ ಬೀಗದ ಕೈಯನ್ನು ಅದೇ ಕೋಣೆಯಲ್ಲಿ ಇಟ್ಟ ಹಾಗೆ. ಫ್ರಾನ್ಸ್‌ನ ಬೆಂಜಮಿನ್ ಡೆಲ್ಪಿ 2011ರಲ್ಲಿ ಹೊರತಂದ ಮಿಮಿಕ್ಯಾಟ್ಜ್ ಎಂಬ ಸಾಧನ ಅದನ್ನು ಓದಿ ತೋರಿಸಿತು. ವಿಂಡೋಸ್ 8.1ರಲ್ಲಿ ಈ ಅಭ್ಯಾಸ ತಾನಾಗಿಯೇ ನಿಂತಿತು, ವಿಂಡೋಸ್ 7ಕ್ಕೆ 2014ರಲ್ಲಿ ತೇಪೆ ಬಂತು. ಆದರೆ ರಿಜಿಸ್ಟ್ರಿ ಎಂಬ ವಿಂಡೋಸ್‌ನ ಸೆಟ್ಟಿಂಗ್ ಕಡತದಲ್ಲಿ ಒಂದು ಅಂಕೆ ಬದಲಿಸಿದರೆ ಇವತ್ತಿಗೂ ಹಳೆಯ ಅಭ್ಯಾಸ ಮರುಕಳಿಸುತ್ತದೆ. ಕಂಪ್ಯೂಟರ್‌ಗೆ ನುಗ್ಗಿದವರು ಮೊದಲು ಆ ಅಂಕೆ ಬದಲಿಸಿ, ಮಾಲೀಕರು ಮತ್ತೆ ಲಾಗಿನ್ ಆಗಲಿ ಎಂದು ಕಾಯುವುದೂ ಉಂಟು.

ನನ್ನ ಲೆಕ್ಕದಲ್ಲಿ ಇವೆಲ್ಲಕ್ಕಿಂತ ಸ್ವಾರಸ್ಯದ ತಪ್ಪು ಕ್ರಿಪ್ಟ್32ರದ್ದು. 2020ರ ಜನವರಿ 14ರಂದು ಮೈಕ್ರೋಸಾಫ್ಟ್ ಅದಕ್ಕೆ ತೇಪೆ ಹಾಕಿತು. ತಪ್ಪನ್ನು ಕಂಡುಹಿಡಿದು ತಿಳಿಸಿದ್ದು ಅಮೆರಿಕದ ಬೇಹುಗಾರಿಕೆ ಸಂಸ್ಥೆ ಎನ್‌ಎಸ್‌ಎ. ಇಂಥ ತಪ್ಪುಗಳನ್ನು ಬಚ್ಚಿಟ್ಟುಕೊಳ್ಳುತ್ತದೆ ಎಂದು ಬೈಸಿಕೊಂಡ ಸಂಸ್ಥೆ ಈ ಸಲ ತಾನೇ ಮುಂದೆ ಬಂದು ಹೇಳಿದ್ದೇ ಒಂದು ಸುದ್ದಿ. ಲೋಕ ಅದನ್ನು ಕರ್ವ್‌ಬಾಲ್ ಎಂದು ಕರೆಯಿತು.

ಅಲ್ಲಿ ಆದದ್ದೇನು? ಎಲಿಪ್ಟಿಕ್ ಕರ್ವ್ ಎಂಬ ಗೂಢಲಿಪಿ ಪದ್ಧತಿಯಲ್ಲಿ ಒಂದು ವಕ್ರರೇಖೆ, ಅದರ ಮೇಲೆ ಎಲ್ಲರೂ ಒಪ್ಪಿಕೊಂಡ ಒಂದು ಆರಂಭದ ಬಿಂದು ಇರುತ್ತದೆ. ನಾನು ಒಂದು ಗುಟ್ಟಿನ ಸಂಖ್ಯೆ ಆರಿಸಿಕೊಂಡು ಆ ಬಿಂದುವನ್ನು ಅಷ್ಟು ಸಲ ಕೂಡುತ್ತಾ ಹೋದರೆ ರೇಖೆಯ ಮೇಲೆಯೇ ಇನ್ನೊಂದು ಬಿಂದು ಸಿಗುತ್ತದೆ. ಅದೇ ನನ್ನ ಸಾರ್ವಜನಿಕ ಕೀಲಿ. ಅದನ್ನು ನೋಡಿ ನನ್ನ ಗುಟ್ಟಿನ ಸಂಖ್ಯೆ ಕಂಡುಹಿಡಿಯುವುದು ಇಂದಿನ ಕಂಪ್ಯೂಟರ್‌ಗಳಿಗೆ ಆಗದ ಮಾತು. ಭದ್ರತೆ ನಿಂತಿರುವುದೇ ಅದರ ಮೇಲೆ. ಆದರೆ ಪ್ರಮಾಣಪತ್ರದಲ್ಲಿ 'ಇಂಥ ಹೆಸರಿನ ವಕ್ರರೇಖೆ' ಎಂದು ಬರೆಯುವ ಬದಲು ರೇಖೆಯ ವಿವರ, ಆರಂಭದ ಬಿಂದು ಎಲ್ಲವನ್ನೂ ಬಿಡಿಸಿ ಬರೆಯಲೂ ಅವಕಾಶವಿತ್ತು. ಬಂದ ಬೇರು ಪ್ರಮಾಣಪತ್ರ (ಉಳಿದೆಲ್ಲಕ್ಕೂ ಅಧಿಕಾರ ಕೊಡುವ ಮೂಲದ್ದು) ತನಗೆ ಗೊತ್ತಿರುವುದೇ ಎಂದು ನೋಡುವಾಗ ಕ್ರಿಪ್ಟ್32 ಸಾರ್ವಜನಿಕ ಕೀಲಿಯನ್ನು ಮಾತ್ರ ಹೋಲಿಸಿತು. ಆರಂಭದ ಬಿಂದು ಯಾವುದು ಎಂದು ನೋಡಲಿಲ್ಲ.

ಜಮೀನಿನ ವ್ಯವಹಾರ ಗೊತ್ತಿದ್ದವರಿಗೆ ಇದು ತಕ್ಷಣ ಅರ್ಥವಾಗುತ್ತದೆ. ಕಾಗದದಲ್ಲಿ ಸರ್ವೆ ನಂಬರ್ 45 ಎಂದಿದೆ, ನಿಮ್ಮ ಪುಸ್ತಕದಲ್ಲೂ 45 ಇದೆ, ಸರಿ ಎಂದು ಠಸ್ಸೆ ಒತ್ತಿದಿರಿ. ಆದರೆ ಯಾವ ಗ್ರಾಮದ 45? ಅದನ್ನು ಕೇಳಲೇ ಇಲ್ಲ. ವಂಚಕ ಮಾಡಬೇಕಾದದ್ದು ಇಷ್ಟೇ: ಅಸಲಿ ಸಂಸ್ಥೆಯ ಸಾರ್ವಜನಿಕ ಕೀಲಿಯನ್ನು ಹಾಗೇ ಇಟ್ಟುಕೊಂಡು, ಆರಂಭದ ಬಿಂದುವೂ ಅದೇ ಎಂದು ಬರೆದುಕೊಳ್ಳುವುದು. ಆಗ ಎಷ್ಟು ಸಲ ಕೂಡಿದರೆ ಆ ಕೀಲಿ ಸಿಗುತ್ತದೆ? ಒಂದೇ ಸಲ. ಗುಟ್ಟಿನ ಸಂಖ್ಯೆ 1! ಪ್ರಪಂಚದ ಯಾವ ಸೂಪರ್ ಕಂಪ್ಯೂಟರಿಗೂ ಬಗ್ಗದ ಲೆಕ್ಕವನ್ನು ಪ್ರಶ್ನೆಪತ್ರಿಕೆಯನ್ನೇ ಬದಲಿಸಿ ಪಾಸು ಮಾಡಿಕೊಂಡ ಹಾಗಾಯಿತು. ಆ ಗುಟ್ಟಿನಿಂದ ಯಾವ ಜಾಲತಾಣದ ಹೆಸರಿಗಾದರೂ ಪ್ರಮಾಣಪತ್ರ ಬರೆಯಬಹುದಿತ್ತು, ಯಾವ ಸಾಫ್ಟ್‌ವೇರ್ ಕಂಪನಿಯ ಹೆಸರಿನಲ್ಲಾದರೂ ಫೈಲಿಗೆ ಸಹಿ ಹಾಕಬಹುದಿತ್ತು. ವಿಂಡೋಸ್‌ನ ಲೆಕ್ಕವನ್ನೇ ನಂಬಿದ್ದ ಕ್ರೋಮ್ ಕೂಡ ಮೋಸ ಹೋಗುತ್ತಿತ್ತು. ತನ್ನದೇ ಲೈಬ್ರರಿ ಇಟ್ಟುಕೊಂಡ ಫೈರ್‌ಫಾಕ್ಸ್‌ಗೆ ಇದು ತಟ್ಟಲಿಲ್ಲ. ತಮಾಷೆಯೆಂದರೆ ತಪ್ಪು ಇದ್ದದ್ದು ವಿಂಡೋಸ್ 10 ಮತ್ತು ಅದರ ಸರ್ವರ್ ಬಳಗದಲ್ಲಿ. ಅದೇ ಜನವರಿ 14ರಂದು ಬೆಂಬಲ ಮುಗಿಸಿ ಮನೆಗೆ ಹೊರಟ ವಿಂಡೋಸ್ 7ರಲ್ಲಿ ಈ ತಪ್ಪು ಇರಲಿಲ್ಲ.

ಇಷ್ಟೆಲ್ಲ ಹೇಳಿದ್ದು ಅಸಲಿ ಫೈಲೇ ತಪ್ಪಿದರೆ ಏನಾಗುತ್ತದೆ ಎಂದು. ಗೆಳೆಯನ ಆಫೀಸಿನಲ್ಲಿ ಅಸಲಿ ಫೈಲುಗಳಿಗೆ ಏನೂ ಆಗಿರಲಿಲ್ಲ. ವಿಂಡೋಸ್ ತನ್ನ ಡಿಎಲ್‌ಎಲ್‌ಗಳನ್ನು ಇಡುವ ಸಿಸ್ಟಂ32 ಫೋಲ್ಡರ್‌ನಲ್ಲಿ ಅಸಲಿ ಕ್ರಿಪ್ಟ್‌ಎಸ್‌ಪಿ ತಣ್ಣಗೆ ಕುಳಿತಿತ್ತು. ಸಹಿ ಪ್ರೋಗ್ರಾಂ ಅದನ್ನು ಕರೆಯುತ್ತಿರಲಿಲ್ಲ, ಅಷ್ಟೇ.

ಕಾರಣ, ವಿಂಡೋಸ್ ಡಿಎಲ್‌ಎಲ್ ಹುಡುಕುವ ಕ್ರಮ. ಪ್ರೋಗ್ರಾಂ ಒಂದು ಡಿಎಲ್‌ಎಲ್ ಅನ್ನು ಪೂರ್ತಿ ವಿಳಾಸವಿಲ್ಲದೆ ಬರೀ ಹೆಸರಿನಿಂದ ಕರೆದರೆ ವಿಂಡೋಸ್ ಮೊದಲು ನೋಡುವುದು ಆ ಪ್ರೋಗ್ರಾಂ ಇರುವ ಫೋಲ್ಡರ್‌ನಲ್ಲಿ. ಅಲ್ಲಿ ಸಿಗದಿದ್ದರೆ ಮಾತ್ರ ಸಿಸ್ಟಂ32. ಕರ್ನೆಲ್32, ಯೂಸರ್32, ಅಡ್ವಾಪಿ32 ಮುಂತಾದ ಕೆಲವಕ್ಕೆ ವಿನಾಯಿತಿ ಇದೆ. ಅವು ನೋನ್ ಡಿಎಲ್‌ಎಲ್ಸ್ ಎಂಬ ಪಟ್ಟಿಯಲ್ಲಿರುವುದರಿಂದ ಎಲ್ಲಿ ಏನಿದ್ದರೂ ವಿಂಡೋಸ್‌ನ ಪ್ರತಿಯೇ ಬರುತ್ತದೆ. ಕ್ರಿಪ್ಟ್‌ಎಸ್‌ಪಿ, ಸೆಕ್ಯೂರ್32 ಆ ಪಟ್ಟಿಯಲ್ಲಿಲ್ಲ. ಹಾಗಾಗಿ ಪಕ್ಕದಲ್ಲಿ ಕುಳಿತವನಿಗೇ ಮೊದಲ ಮಣೆ. ದಾಳಿಕೋರರಿಗೆ ಈ ಕ್ರಮ ವರದಾನ: ಒಳ್ಳೆಯ ಕಂಪನಿಯ, ಸಹಿ ಇರುವ ಪ್ರೋಗ್ರಾಂ ಒಂದನ್ನು ತಂದು ಅದರ ಪಕ್ಕದಲ್ಲಿ ತಮ್ಮ ಡಿಎಲ್‌ಎಲ್ ಇಟ್ಟರೆ, ಹೊರಗಿಂದ ನೋಡುವವರಿಗೆ ಓಡುತ್ತಿರುವುದು ಒಳ್ಳೆಯ ಕಂಪನಿಯ ಪ್ರೋಗ್ರಾಂ. ನಮ್ಮ ಹುಡುಗ ಯಾವ ದಾಳಿಕೋರನ ಸಹಾಯವೂ ಇಲ್ಲದೆ ಅದೇ ಏರ್ಪಾಡು ಮಾಡಿಕೊಟ್ಟಿದ್ದ.

"ಆದ್ರೆ ಸಾರ್, ಅದು ಒರಿಜಿನಲ್ ಫೈಲೇ ಇರಬಹುದಲ್ಲ?" ಎಂದ. ನ್ಯಾಯವಾದ ಪ್ರಶ್ನೆ. ವಿಂಡೋಸ್‌ಗೆ ಆಜ್ಞೆ ಟೈಪ್ ಮಾಡುವ ಪವರ್‌ಶೆಲ್ ತೆರೆದು ಆ ಕ್ರಿಪ್ಟ್‌ಎಸ್‌ಪಿಯ ಸಹಿ ಪರೀಕ್ಷಿಸಿದೆ. ಸಹಿ ಇಲ್ಲ ಎಂದು ಬಂತು. ಆದರೆ ಸಹಿ ಇಲ್ಲ ಎಂದ ಮಾತ್ರಕ್ಕೆ ನಕಲಿ ಎಂದೂ ಹೇಳಲಾಗದು, ಇಲ್ಲೇ ಇರುವುದು ಗಂಟು. ವಿಂಡೋಸ್ ಫೈಲಿಗೆ ಸಹಿ ಎರಡು ರೀತಿ ಇರುತ್ತದೆ. ಒಂದು, ಫೈಲಿನೊಳಗೇ. ಪರೀಕ್ಷೆಗೆ ಬಂದ ಹುಡುಗನ ಕೊರಳಲ್ಲಿ ಫೋಟೋ ಇರುವ ಕಾರ್ಡ್ ಇದ್ದ ಹಾಗೆ. ಎರಡನೆಯದು ಕ್ಯಾಟಲಾಗ್ ಸಹಿ. ಫೈಲಿನ ಮೈಮೇಲೆ ಏನೂ ಇಲ್ಲ, ಅದರ ಹ್ಯಾಶ್ ಮಾತ್ರ ಸಿಸ್ಟಂ32ರೊಳಗಿನ ಕ್ಯಾಟ್‌ರೂಟ್ ಫೋಲ್ಡರ್‌ನಲ್ಲಿರುವ, ಮೈಕ್ರೋಸಾಫ್ಟ್ ಸಹಿ ಮಾಡಿದ ಪಟ್ಟಿಯಲ್ಲಿ ಇರುತ್ತದೆ. ಕಾರ್ಡ್ ಇಲ್ಲ, ಮೇಲ್ವಿಚಾರಕರ ಕೈಯಲ್ಲಿರುವ ಪಟ್ಟಿಯಲ್ಲಿ ಹೆಸರಿದೆ. ವಿಂಡೋಸ್ 10ರ ನೋಟ್‌ಪ್ಯಾಡ್ ಫೈಲಿನ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ನೋಡಿ, ಡಿಜಿಟಲ್ ಸಿಗ್ನೇಚರ್ಸ್ ಎಂಬ ಟ್ಯಾಬೇ ಇರುವುದಿಲ್ಲ. ಆದರೂ ಅದು ಸಹಿ ಇರುವ ಫೈಲೇ.

ಈಗ ಯಾರೋ ತಮ್ಮ ಕಂಪ್ಯೂಟರ್‌ನಿಂದ ಅಸಲಿ ಡಿಎಲ್‌ಎಲ್ ಒಂದನ್ನು ನಕಲು ಮಾಡಿ ಇಂಟರ್ನೆಟ್‌ಗೆ ಹಾಕಿದರು ಎನ್ನಿ. ಫೈಲು ಬಂತು, ಪಟ್ಟಿ ಬರಲಿಲ್ಲ. ನಿಮ್ಮ ವಿಂಡೋಸ್‌ನ ಆವೃತ್ತಿ ಬೇರೆಯಾದರೆ ನಿಮ್ಮ ಪಟ್ಟಿಯಲ್ಲಿ ಅದರ ಹ್ಯಾಶ್ ಇರುವುದಿಲ್ಲ. ಅಸಲಿಯೇ ಆಗಿದ್ದರೂ ನಿಮ್ಮ ಮನೆಯಲ್ಲಿ ಅದಕ್ಕೆ ಜಾಮೀನು ನಿಲ್ಲುವವರಿಲ್ಲ. ಅಸಲಿಯೂ ನಕಲಿಯೂ ಒಂದೇ ಥರ, ಸಹಿ ಇಲ್ಲದೆ, ಮುಂದೆ ನಿಲ್ಲುತ್ತವೆ. ಹೋಗಲಿ, ಅಸಲಿಯೇ ಎಂದಿಟ್ಟುಕೊಂಡರೂ ಅದು ಯಾವ ಕಾಲದ್ದು? ಯಾವ ತೇಪೆಗೆ ಮುಂಚಿನದು? ವಿಂಡೋಸ್ ಅಪ್‌ಡೇಟ್ ಸಿಸ್ಟಂ32ರ ಪ್ರತಿಯನ್ನು ಹೊಸದು ಮಾಡುತ್ತಾ ಹೋಗುತ್ತದೆ. ನೀವು ಪ್ರೋಗ್ರಾಂ ಪಕ್ಕದಲ್ಲಿಟ್ಟ ಪ್ರತಿಯ ಸುದ್ದಿಗೆ ಬರುವುದಿಲ್ಲ.

ಹೆಸರನ್ನು ನೋಡಿ ನಂಬುವವರಿಗೆ ಇನ್ನೂ ಹಳೆಯ ಬಲೆ ಇದೆ. ಎಲ್‌ಸಾಸ್‌ನ ಮೊದಲ ಅಕ್ಷರ ಸಣ್ಣ ಎಲ್. ಅದರ ಜಾಗದಲ್ಲಿ ದೊಡ್ಡ ಐ ಹಾಕಿದರೆ ಪರದೆಯ ಮೇಲೆ ಎರಡೂ ಒಂದೇ ಕಡ್ಡಿ. ಟಾಸ್ಕ್ ಮ್ಯಾನೇಜರ್‌ನಲ್ಲಿ ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿ 'ಓಪನ್ ಫೈಲ್ ಲೊಕೇಷನ್' ಒತ್ತಿ. ಅಸಲಿ ಎಲ್‌ಸಾಸ್ ಸಿಸ್ಟಂ32 ಬಿಟ್ಟು ಬೇರೆಲ್ಲಿಂದಲೂ ಓಡುವುದಿಲ್ಲ.

ಸಿಸ್ಟಂ32 ಎಂದಾಗ ಒಂದು ಗೊಂದಲ ಬಿಡಿಸಬೇಕು. 64 ಬಿಟ್ ವಿಂಡೋಸ್‌ನಲ್ಲಿ 64 ಬಿಟ್ ಡಿಎಲ್‌ಎಲ್‌ಗಳು ಇರುವುದು ಸಿಸ್ಟಂ32ರಲ್ಲಿ. 32 ಬಿಟ್ ಇರುವುದು ಸಿಸ್‌ವಾವ್64ರಲ್ಲಿ. ಹೌದು, ಸರಿಯಾಗಿ ಉಲ್ಟಾ. ಸಿಸ್ಟಂ32 ಎಂಬ ಹೆಸರನ್ನು ತಮ್ಮೊಳಗೆ ಬರೆದುಕೊಂಡಿದ್ದ ಅಸಂಖ್ಯ ಪ್ರೋಗ್ರಾಂಗಳನ್ನು 64 ಬಿಟ್‌ಗೆ ತರುವಾಗ ತೊಂದರೆಯಾಗದಿರಲಿ ಎಂದು ಹೆಸರನ್ನು ಹಾಗೇ ಉಳಿಸಿಕೊಂಡದ್ದರ ಫಲ. 32 ಬಿಟ್ ಪ್ರೋಗ್ರಾಂ ಸಿಸ್ಟಂ32 ಕೇಳಿದರೆ ವಿಂಡೋಸ್ ಸದ್ದಿಲ್ಲದೆ ಅದನ್ನು ಪಕ್ಕದ ಮನೆಗೆ ಕಳಿಸುತ್ತದೆ. ಹುಡುಗ ತಂದ ಎಂಎಸ್‌ವಿಸಿಪಿ140 ಸರಿ ಹೊಂದದೆ ಹೋದದ್ದೂ ಈ 32–64ರ ಎಡವಟ್ಟಿನಿಂದಲೇ.

ವಿಸ್ತಾದಿಂದ ಈಚೆಗೆ ಈ ಫೈಲುಗಳ ಯಜಮಾನಿಕೆ ಟ್ರಸ್ಟೆಡ್‌ಇನ್‌ಸ್ಟಾಲರ್ ಎಂಬ ಸೇವೆಯದ್ದು. ಅಡ್ಮಿನಿಸ್ಟ್ರೇಟರ್ ಕೂಡ ಓದಬಹುದು, ಓಡಿಸಬಹುದು, ಬದಲಿಸುವಂತಿಲ್ಲ. 'ಓನರ್‌ಶಿಪ್ ತಗೊಂಡು ಫೈಲು ಬದಲಿಸಿ' ಎಂದು ಕಲಿಸುವ ವೀಡಿಯೊ ಕಂಡರೆ ಅಲ್ಲೇ ಮುಚ್ಚಿಬಿಡಿ. ಅಸಲಿ ಪ್ರತಿಗಳ ಉಗ್ರಾಣ ನಿಮ್ಮ ಕಂಪ್ಯೂಟರ್‌ನಲ್ಲೇ, ವಿನ್‌ಎಸ್‌ಎಕ್ಸ್‌ಎಸ್ ಫೋಲ್ಡರ್‌ನಲ್ಲಿದೆ. ಸಿಸ್ಟಂ32ರಲ್ಲಿ ಕಾಣುವ ಬಹುಪಾಲು ಫೈಲುಗಳು ಅಲ್ಲಿರುವವಕ್ಕೇ ಇನ್ನೊಂದು ಹೆಸರು. ಅಡ್ಮಿನಿಸ್ಟ್ರೇಟರ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ಎಸ್‌ಎಫ್‌ಸಿ, ಒಂದು ಜಾಗ ಬಿಟ್ಟು ಓರೆಗೆರೆ (/), ಸ್ಕ್ಯಾನ್‌ನೌ ಎಂದು ಟೈಪ್ ಮಾಡಿದರೆ ವಿಂಡೋಸ್ ಒಂದೊಂದನ್ನೂ ತಾಳೆ ನೋಡಿ, ಕೆಟ್ಟದ್ದನ್ನು ಉಗ್ರಾಣದಿಂದ ಸರಿಪಡಿಸುತ್ತದೆ. ಉಗ್ರಾಣವೇ ಕೆಟ್ಟಿದೆ ಎಂಬ ಅನುಮಾನವಿದ್ದರೆ ಮೊದಲು ಡಿಸ್ಮ್ ಎಂಬ ಸಾಧನದ ರಿಸ್ಟೋರ್‌ಹೆಲ್ತ್ ಆಜ್ಞೆ, ಆಮೇಲೆ ಎಸ್‌ಎಫ್‌ಸಿ. ನೆನಪಿಡಿ, ಎಸ್‌ಎಫ್‌ಸಿ ವಿಂಡೋಸ್‌ನ ಮನೆಯನ್ನಷ್ಟೇ ಗುಡಿಸುತ್ತದೆ. ಸಹಿ ಪ್ರೋಗ್ರಾಂನ ಫೋಲ್ಡರ್‌ನಲ್ಲಿ ಬಿದ್ದಿದ್ದ ಆ ಹನ್ನೊಂದು ಅದರ ಕಣ್ಣಿಗೆ ಬೀಳುವುದೇ ಇಲ್ಲ. ಹುಡುಗ ಎಸ್‌ಎಫ್‌ಸಿಯನ್ನೂ ಓಡಿಸಿದ್ದ. ಎಲ್ಲ ಸರಿಯಿದೆ ಎಂದೇ ಉತ್ತರ ಬಂದಿತ್ತು.

ಹನ್ನೊಂದನ್ನೂ ಅಳಿಸಿದೆವು. ಎಂಎಸ್‌ವಿಸಿಪಿ140 ಒಂಟಿಯಾಗಿ ಡೌನ್‌ಲೋಡ್ ಮಾಡುವ ಫೈಲಲ್ಲ, ಮೈಕ್ರೋಸಾಫ್ಟ್ ಕೊಡುವ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಎಂಬ ಕಟ್ಟಿನೊಳಗಿನದು. ಪ್ರೋಗ್ರಾಂ 32 ಬಿಟ್ ಆದ್ದರಿಂದ, ವಿಂಡೋಸ್ 64 ಆದರೂ, 32 ಬಿಟ್ ಕಟ್ಟನ್ನೇ ಹಾಕಿದೆವು. ಪ್ರೋಗ್ರಾಂ ತೆರೆಯಿತು. ಆದರೆ ಟೋಕನ್ ಆ ಕಂಪ್ಯೂಟರ್‌ಗೆ ಹಾಕಲಿಲ್ಲ. ಡೌನ್‌ಲೋಡ್ ಆದ ಮೇಲೆ ಬೇರೇನು ಒಳಗೆ ಬಂದಿದೆಯೋ ಯಾರಿಗೆ ಗೊತ್ತು. ಟೋಕನ್‌ನೊಳಗಿನ ಗುಟ್ಟಿನ ಕೀಲಿ ಹೊರಗೆ ಬರುವುದಿಲ್ಲ ನಿಜ. ಆದರೆ ಪಿನ್ ಟೈಪ್ ಮಾಡುವುದು ಕಂಪ್ಯೂಟರ್‌ನಲ್ಲೇ, ಯಾವ ಕಾಗದಕ್ಕೆ ಸಹಿ ಹಾಕು ಎಂದು ಟೋಕನ್‌ಗೆ ಹೇಳುವುದೂ ಕಂಪ್ಯೂಟರೇ. ರಿಟರ್ನ್‌ಗಳನ್ನು ಗೆಳೆಯನ ಲ್ಯಾಪ್‌ಟಾಪ್‌ನಿಂದ ಕಳಿಸಿದೆವು, ಪಿನ್ ಅನ್ನೂ ಅಲ್ಲೇ ಬದಲಿಸಿದೆವು. ಕೊನೆಯದು ಹೋದಾಗ ರಾತ್ರಿ ಒಂಬತ್ತೂವರೆ.

ಭಾನುವಾರ ಆ ಕಂಪ್ಯೂಟರ್‌ಗೆ ವಿಂಡೋಸ್ ಹೊಸದಾಗಿ ಹಾಕಿದೆವು. ಹುಡುಗ ಪಕ್ಕದಲ್ಲಿ ಕುಳಿತು ಎಲ್ಲವನ್ನೂ ಬರೆದುಕೊಂಡ. ನಡುವೆ ಕೇಳಿದ: "ಸಾರ್, ಆ ಸೈಟಿನವರು ದುಡ್ಡೂ ತಗೊಳ್ಳದೆ ಇಷ್ಟೆಲ್ಲ ಡಿಎಲ್‌ಎಲ್ ಯಾಕೆ ಕೊಡ್ತಾರೆ?" ಗೆಳೆಯ ಚಹಾ ಲೋಟ ಕೆಳಗಿಟ್ಟು ನನ್ನ ಮುಖ ನೋಡಿದ.